ಒಂದು ಗೇಣು ರಫೂ

“ಕೋಟು ಇಲ್ಲ,” ಎಂದಳು ಸಬ್ ಇನ್ಸ್‌ಪೆಕ್ಟರ್.

ನೀಲಿ ಟಾರ್ಪಾಲಿನ ಮೇಲೆ ಸಾಲಾಗಿ ಜೋಡಿಸಿದ್ದ ಸಾಮಾನುಗಳನ್ನು ಅವಳು ಒಂದೊಂದಾಗಿ ಪೆನ್ನಿನ ತುದಿಯಿಂದ ತೋರಿಸುತ್ತ ಹೋದಳು. ಅಂಗಿಯ ಐದು ಗುಂಡಿ. ತುಕ್ಕು ಹಿಡಿದ ಬೆಲ್ಟಿನ ಬಕಲ್. ಚಪ್ಪಲಿಯ ಒಂದು ಅಟ್ಟೆ. ಒಂದು ಬೀಗದಕೈ. ಪಕ್ಕದ ಬಿಳಿ ಬಟ್ಟೆಯ ಕೆಳಗೆ ಮೂಳೆಗಳು.

“ಊರಲ್ಲಿ ಯಾರನ್ನ ಕೇಳಿದ್ರೂ ಒಂದೇ ಮಾತು ಸಾರ್. ಟಾಕೀಸಿನ ಆಪರೇಟರು ಕೋಟು ಹಾಕದೆ ಹೊಸ್ತಿಲು ದಾಟ್ತಿರಲಿಲ್ಲ. ಬೂದು ಬಣ್ಣದ ಉಣ್ಣೆ ಕೋಟು. ಸೆಕೆಗಾಲಕ್ಕೂ ಅದೇ, ಚಳಿಗಾಲಕ್ಕೂ ಅದೇ. ಉಣ್ಣೆ ಮಣ್ಣಾಗಿ ಹೋಯ್ತು ಅಂದ್ರೂ ಅದರ ದೊಡ್ಡ ಗುಂಡಿ ಒಂದಾದ್ರೂ ಸಿಗಬೇಕಿತ್ತಲ್ವಾ?”

“ಸಿಗಬೇಕಿತ್ತು,” ಎಂದೆ.

ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ. ನಾನು ಮುಟ್ಟಿ ನೋಡಿಕೊಳ್ಳಲಿಲ್ಲ. ಮೂವತ್ತೆರಡು ವರ್ಷದ ಪೊಲೀಸ್ ಚಾಕರಿ ಅಷ್ಟನ್ನಾದರೂ ಕಲಿಸಿದೆ. ಆದರೆ ಆ ಬೂದು ಬಣ್ಣದ ಉಣ್ಣೆ ಕೋಟು ಆ ಹೊತ್ತಿನಲ್ಲಿ ನನ್ನ ಹೆಗಲ ಮೇಲೇ ಇತ್ತು.

ಹಳೇ ಟಾಕೀಸನ್ನು ಕೆಡವುವಾಗ ಪರದೆಯ ಹಿಂದಿನ ಮರದ ಹಾಸಿನ ಅಡಿಯಲ್ಲಿ ಈ ಮೂಳೆಗಳು ಸಿಕ್ಕಿ ನಾಲ್ಕು ದಿನವಾಗಿತ್ತು. ಅಲ್ಲಿ ಪ್ರೊಜೆಕ್ಟರ್ ಓಡಿಸುತ್ತಿದ್ದ ನನ್ನ ಭಾವ, ಅಕ್ಕನ ಗಂಡ, ಯಾರನ್ನೋ ಕಟ್ಟಿಕೊಂಡು ಓಡಿಹೋದ ಎಂದು ಮೂವತ್ತೆರಡು ವರ್ಷದಿಂದ ಹೇಳಿಕೊಂಡು ಬಂದಿದ್ದ ಊರು ಈಗ ನಾಲಿಗೆ ಕಚ್ಚಿಕೊಂಡಿತ್ತು. ಹಾಗೆ ಹೇಳಿದವರಲ್ಲಿ ನಾನೂ ಒಬ್ಬ.

“ಪೆಟ್ಟು ಬಿದ್ದಿರೋದು ತಲೆ ಹಿಂಭಾಗಕ್ಕೆ,” ಎಂದಳು ಎಸ್‌ಐ. “ಒಂದೇ ಏಟು. ಹಿಂದಿನಿಂದ. ಡಾಕ್ಟರ ಪೂರ್ತಿ ವರದಿಗೆ ಇನ್ನೂ ಹತ್ತು ದಿನ. ಆಪರೇಟರಿಗೆ ರಕ್ತಸಂಬಂಧ ಅಂತ ಒಬ್ಬರೂ ಇಲ್ಲ. ಹೆಂಡತಿ ರಕ್ತ ತಗೊಂಡು ನಾನೇನು ಮಾಡ್ಲಿ? ಗುರುತು ಹಿಡಿಯೋಕೆ ಇರೋರು ಇಬ್ಬರೇ. ನಿಮ್ಮಕ್ಕ, ನೀವು.”

“ಅಕ್ಕ ಏನಂದ್ಲು?”

“ನನ್ನ ತಮ್ಮನ್ನ ಕರೆಸಿ, ಅವನನ್ನ ಕೇಳಿ ಅಂದ್ರು. ನಿಮ್ಮ ಫೋನ್ ನಂಬರ್ ಕೊಟ್ಟಿದ್ದೂ ಅವರೇ.”

ಅಕ್ಕನ ಹತ್ತಿರ ನನ್ನ ನಂಬರ್ ಇತ್ತೆಂಬುದೇ ನನಗೆ ಹೊಸ ಸುದ್ದಿ. ಇಷ್ಟು ವರ್ಷದಲ್ಲಿ ಒಂದು ಸಲವೂ ಅವಳು ಫೋನ್ ಮಾಡಿದ್ದಿಲ್ಲ. ನಾನೂ ಮಾಡಿದ್ದಿಲ್ಲ ಎನ್ನುವುದನ್ನು ಹೇಳದಿದ್ದರೆ ಅನ್ಯಾಯವಾದೀತು.

ಅಷ್ಟರಲ್ಲಿ ಎಸ್‌ಐಗೆ ಫೋನ್ ಬಂತು. ಅವಳು ಮಾತಾಡುತ್ತ ಒಡೆದ ಗೋಡೆಯ ಆಚೆ ಹೋದಳು.

“ಇಲ್ಲಿ ಬಾರಪ್ಪ,” ಎಂದಿತು ಹಿಂದಿನಿಂದ ಒಂದು ಧ್ವನಿ.

ಕಿತ್ತು ರಾಶಿ ಹಾಕಿದ್ದ ಕುರ್ಚಿಗಳಲ್ಲಿ ಒಂದನ್ನು ನೆಟ್ಟಗೆ ನಿಲ್ಲಿಸಿಕೊಂಡು ಒಬ್ಬ ಮುದುಕ ಕೂತಿದ್ದ. ಆಟ ಶುರುವಾದ ಮೇಲೆ ಬಂದವರಿಗೆ ಕತ್ತಲಲ್ಲಿ ಜಾಗ ತೋರಿಸುತ್ತಿದ್ದವನು. ಊರಿಡೀ ಅವನನ್ನು ಟಾರ್ಚ್ ಎಂದೇ ಕರೆಯುತ್ತಿತ್ತು. ಸಿಕ್ಕಿದ ಬೀಗದಕೈ ಯಾವುದೆಂದು ಹೇಳಲು ಎಸ್‌ಐ ಅವನನ್ನು ಕರೆಸಿದ್ದಳು. ಪ್ರೊಜೆಕ್ಟರ್ ರೂಮಿನದು ಎಂದು ಅವನು ಸವರಿ ನೋಡಿ ಹೇಳಿದ್ದನಂತೆ. ಎರಡು ಕಣ್ಣಿಗೂ ಪೊರೆ ಬಂದಿತ್ತು.

ಹತ್ತಿರ ಹೋದೆ. ಅವನು ಕೈ ಚಾಚಿ ನನ್ನ ತೋಳನ್ನು ಹಿಡಿದ. ಹೆಬ್ಬೆರಳಿನಿಂದ ಬಟ್ಟೆಯನ್ನು ಎರಡು ಸಲ ತಿಕ್ಕಿದ.

“ನಿಂಗೆ ಸರಿಯಾಗಿ ಕೂತಿದೆ. ಅವನಿಗೆ ಭುಜದಲ್ಲಿ ಇಳಿಬೀಳ್ತಿತ್ತು.”

“ಏನು ತಾತ?”

“ಕಣ್ಣು ಹೋಗಿದೆ. ಬೆರಳು ಹೋಗಿಲ್ಲ. ಜೀವಮಾನ ಎಲ್ಲ ಕತ್ತಲೇಲಿ ದುಡಿದೋನು ನಾನು.”

“ಆಯಮ್ಮನ ಹತ್ರ ಹೇಳಿದ್ಯಾ?”

“ಬೀಗದಕೈ ಕೇಳಿದ್ಲು, ಬೀಗದಕೈ ಹೇಳಿದೆ. ಕೇಳದೇ ಇರೋದಕ್ಕೆಲ್ಲ ಬೆಳಕು ಬಿಡೋ ಅಭ್ಯಾಸ ನಂಗಿಲ್ಲ.” ತೋಳು ಬಿಟ್ಟ. “ನಿಮ್ಮಕ್ಕನ್ನ ನೋಡಿದ್ಯಾ?”

“ಇಲ್ಲ. ಬಸ್ಸಿಳಿದು ನೇರ ಇಲ್ಲಿಗೇ ಬಂದೆ.”

“ಹೋಗು ಮತ್ತೆ. ಇಲ್ಲೇನು ಸಿನಿಮಾ ಇದ್ಯಾ?”

ಎಸ್‌ಐ ವಾಪಸು ಬಂದಳು. “ಸಾರ್, ನಾಲ್ಕು ಗಂಟೆಗೆ ನಿಮ್ಮಕ್ಕನ ಅಂಗಡಿಗೇ ಬರ್ತೀನಿ. ಇಬ್ಬರ ಹೇಳಿಕೇನೂ ಅಲ್ಲೇ ಬರ್ಕೊಂಡುಬಿಡೋಣ. ನಿಮ್ಮಂಥ ಸೀನಿಯರ್ಸ್‌ನ ಸ್ಟೇಷನ್ನಿಗೆ ಕರೆಸೋದು ಚೆನ್ನಾಗಿರಲ್ಲ.” ಆಮೇಲೆ ನಕ್ಕಳು. “ಇಷ್ಟು ಬಿಸಿಲಲ್ಲೂ ಕೋಟಾ ಸಾರ್?”

“ನೆಗಡಿ,” ಎಂದೆ.

ಬೂದು ಕೋಟುಗಳು ಊರಿಗೆ ಹತ್ತು ಇರುತ್ತವೆ. ನಾನು ಅದರ ಗುಂಡಿಗಳನ್ನು ಎಂದೋ ಬದಲಾಯಿಸಿದ್ದೆ. ಮೇಲಾಗಿ ಕ್ರೈಂ ಬ್ರಾಂಚಿನ ಇನ್ಸ್‌ಪೆಕ್ಟರನ ಮೈಮೇಲೆ ಸಾಕ್ಷ್ಯ ಹುಡುಕುವವರು ಯಾರು? ನಿವೃತ್ತಿಗೆ ಏಳು ತಿಂಗಳಿರುವಾಗ ನಾನು ಒಬ್ಬ ತನಿಖಾಧಿಕಾರಿಗೆ ಸುಳ್ಳು ಹೇಳಿದ್ದೆ. ಬೇಲಿಯೇ ಎದ್ದು ಹೊಲ ಮೇಯುವುದೆಂದರೆ ಇದೇ.

ಗಂಟೆ ಎರಡೂಕಾಲು.

ಬಸ್ ನಿಲ್ದಾಣದ ತನಕ ನಡೆದೆ. ಮಂಡಿ ನೋಯುತ್ತಿತ್ತು, ಇಡೀ ರಾತ್ರಿ ಬಸ್ಸಿನಲ್ಲಿ ಕೂತ ಸೊಂಟ ಅದಕ್ಕೆ ತಾಳ ಹಾಕುತ್ತಿತ್ತು. ದಾರಿಯಲ್ಲಿ ಯಾರೂ ನನ್ನ ಗುರುತು ಹಿಡಿಯಲಿಲ್ಲ. ನಾನು ಸೈಕಲ್ ಕಲಿತು ಹಲ್ಲು ಮುರಿದುಕೊಂಡ ಇಳಿಜಾರಿನಲ್ಲಿ ಈಗ ಮೂರು ಮೊಬೈಲ್ ಅಂಗಡಿ. ಊರಿಗೆ ಬರುವಾಗ ಏನೇನೋ ನೆನಪಾಗಿ ಕಣ್ಣು ತುಂಬೀತು ಎಂದುಕೊಂಡಿದ್ದೆ. ನಿಜ ಹೇಳುತ್ತೇನೆ, ನನಗೆ ಬರೀ ಸುಸ್ತಾಗಿತ್ತು. ಎಲ್ಲಾದರೂ ಒಂದು ಮಂಚ ಸಿಕ್ಕಿದರೆ ಸಾಕೆನಿಸಿತ್ತು.

ನಿಲ್ದಾಣದ ಕೊನೆಯ ಬೆಂಚಿಗೆ ಬಿಸಿಲು ಬೀಳುತ್ತಿತ್ತು. ಕೂತು ಕೋಟು ಬಿಚ್ಚಿ ತೊಡೆಯ ಮೇಲೆ ಹರಡಿಕೊಂಡೆ.

ನಮ್ಮ ಮನೆಯವರ ಕಸುಬು ರಫೂ. ಹರಿದ ಬಟ್ಟೆಯನ್ನು ಹರಿದದ್ದೇ ಗೊತ್ತಾಗದ ಹಾಗೆ, ನೂಲಿಗೆ ನೂಲು ಸೇರಿಸಿ ನೇಯ್ದು ಮುಚ್ಚುವ ಕೆಲಸ. ಅಮ್ಮ ಮಾಡುತ್ತಿದ್ದಳು. ಅವಳ ನಂತರ ಅಕ್ಕ. ನೂಲು ಹೊರಗಿನದಾಗಬಾರದು, ಅದೇ ಬಟ್ಟೆಯ ಒಳಮಡಿಕೆಯಿಂದ ಎಳೆ ಎಳೆಯಾಗಿ ತೆಗೆಯಬೇಕು. ಮೇಲುಮೈಯಲ್ಲಿ ಬ್ರಹ್ಮ ಬಂದರೂ ಕಂಡುಹಿಡಿಯಲಾರ. ಒಳಮೈಯಲ್ಲಿ ಮಾತ್ರ ಎಳೆಗಳ ಮೊಂಡು ತುದಿಗಳು ಬೆರಳಿಗೆ ಸಿಗುತ್ತವೆ.

ಹಿಂದೊಮ್ಮೆ ಲೈನಿಂಗ್ ಬದಲಾಯಿಸಿದ ಟೈಲರು, “ಯಾರೋ ದೊಡ್ಡ ಕೈ ಇದರ ಮೇಲೆ ಕೂತಿದೆ ಸಾರ್,” ಎಂದಿದ್ದ. ಬಟ್ಟೆಯನ್ನು ಹೊಗಳುತ್ತಿದ್ದಾನೆ ಎಂದುಕೊಂಡು ಖುಷಿಪಟ್ಟಿದ್ದೆ. ಕೊಟ್ಟ ಕೋಟಿನ ತೂತು ಯಾರು ಹುಡುಕುತ್ತಾರೆ?

ಮೊದಲು ಕೆಳಅಂಚಿನ ಮಡಿಕೆ ನೋಡಿದೆ. ಎಡಗಡೆ ಒಂದೆರಡು ಬೆರಳಗಲ ಇರಬೇಕಾದ ಮಡಿಕೆ ಅರ್ಧ ಬೆರಳೂ ಇರಲಿಲ್ಲ. ಅಲ್ಲಿಂದ ನೂಲು ತೆಗೆದಿದ್ದರು. ಎದೆ, ಬೆನ್ನು, ಕಾಲರು ಸವರಿದೆ. ಏನೂ ಇಲ್ಲ. ಎಡತೋಳಿನ ಮುಂಗೈ ಬಳಿ ಲೈನಿಂಗಿನ ನಾಲ್ಕು ಹೊಲಿಗೆ ಬಿಚ್ಚಿ ಬೆರಳು ತೂರಿಸಿದೆ.

ಇತ್ತು. ಮುಂಗೈಯಿಂದ ಮೊಣಕೈ ಕಡೆಗೆ ಓರೆಯಾಗಿ, ಸರಿಯಾಗಿ ಒಂದು ಗೇಣು. ಕತ್ತಿಯ ಗೀರು. ಮುಖಕ್ಕೆ ಬರುವ ಅಲಗಿಗೆ ಕೈ ಅಡ್ಡ ಹಿಡಿದವರ ತೋಳಿನಲ್ಲಿ ಇಂಥ ಗೀರನ್ನು ನಾನು ಎಷ್ಟೋ ಸಲ ಕಂಡಿದ್ದೇನೆ.

ಭಾವ ಕಾಣೆಯಾದ ನಾಲ್ಕನೇ ದಿನ ಅಕ್ಕ ಈ ಕೋಟನ್ನು ನನ್ನ ಕೈಗಿಟ್ಟು, “ಹೋಗು, ಈ ಊರಿಗೆ ಮತ್ತೆ ಬರಬೇಡ,” ಎಂದಿದ್ದಳು. ಗಂಡ ಹೋದ ಸಿಟ್ಟನ್ನು ತಮ್ಮನ ಮೇಲೆ ತೀರಿಸಿಕೊಂಡಳು ಎಂದುಕೊಂಡೆ. ಇದನ್ನೇ ಹಾಕಿಕೊಂಡು ಪೊಲೀಸ್ ಆಯ್ಕೆಯ ಸಂದರ್ಶನಕ್ಕೆ ಹೋದೆ. ಇವತ್ತು ಬೆಳಿಗ್ಗೆ ಇದನ್ನೇ ಹಾಕಿಕೊಂಡು ಬಂದದ್ದೂ, ನೀನು ಕೊಟ್ಟದ್ದನ್ನು ಇಟ್ಟುಕೊಂಡಿದ್ದೇನೆ ನೋಡು ಎಂದು ಅವಳಿಗೆ ತೋರಿಸಲಿಕ್ಕೆ. ಆ ಬೆಂಚಿನ ಮೇಲೆ ನನಗೆ ನನ್ನ ಮೇಲೇ ನಾಚಿಕೆಯಾಯಿತು.

ಅಕ್ಕನ ಅಂಗಡಿ ಇದ್ದಲ್ಲೇ ಇತ್ತು. ಕೆಳಗೆ ಅಂಗಡಿ, ಹಿಂದೆ ಅಡುಗೆಮನೆ, ಮರದ ಏಣಿಮೆಟ್ಟಿಲು ಹತ್ತಿದರೆ ಮೇಲೊಂದು ಕೋಣೆ. ಅವಳು ಕಿಟಕಿಯ ಬೆಳಕಿಗೆ ಬೆನ್ನು ಕೊಟ್ಟು, ಒಂದರ ಮೇಲೊಂದು ಎರಡು ಕನ್ನಡಕ ಹಾಕಿಕೊಂಡು, ಯಾರದೋ ಪ್ಯಾಂಟಿನ ಮಂಡಿಯ ಮೇಲೆ ಬಾಗಿದ್ದಳು. ತಲೆ ಪೂರ್ತಿ ಬೆಳ್ಳಗಾಗಿತ್ತು.

ತಲೆಯೆತ್ತಿದವಳು ನನ್ನ ಮುಖ ನೋಡಲಿಲ್ಲ. ಎಡತೋಳು ನೋಡಿದಳು. ಅಂಗೈ ಹುಣ್ಣಿಗೆ ಕನ್ನಡಿ ಬೇಕೆ?

“ಲೈನಿಂಗ್ ಬಿಚ್ಚಿದ್ಯಾ,” ಎಂದಳು.

“ಮೂವತ್ತೆರಡು ವರ್ಷ ಆಯ್ತಕ್ಕ. ಚೆನ್ನಾಗಿದೀಯೇನೋ ಅಂತ ಕೇಳು ಮೊದ್ಲು.”

“ಕಾಣ್ತಿದೆಯಲ್ಲ, ಚೆನ್ನಾಗಿಲ್ಲ ಅಂತ. ಕೂತ್ಕೋ. ಊಟ ಆಯ್ತಾ?”

“ನಾಲ್ಕು ಗಂಟೆಗೆ ಆ ಎಸ್‌ಐ ಬರ್ತಾಳೆ.”

“ಗೊತ್ತು. ನಾನೇ ಬಾ ಅಂದೆ.”

ನಾನು ಕೋಟು ಬಿಚ್ಚಿ ಅವಳ ಮುಂದಿನ ಮಣೆಯ ಮೇಲೆ ಹಾಕಿದೆ. “ಇದಕ್ಕೆ ರಫೂ ಮಾಡಿದ್ದು ಯಾರು?”

“ಈ ಊರಲ್ಲಿ ಹಾಗೆ ಮಾಡೋರು ಇನ್ಯಾರಿದಾರೆ?” ಸ್ವಲ್ಪ ಹೆಮ್ಮೆಯಿಂದಲೇ ಹೇಳಿದಳು. ಕೊಲೆಯ ವಿಚಾರದಲ್ಲೂ ಕಸುಬಿನವರಿಗೆ ಕಸುಬೇ ಮೊದಲು.

“ಸುಡಬೇಕಿತ್ತು ಅಕ್ಕ. ರಕ್ತ ಹತ್ತಿದ ಕೋಟನ್ನ ಒಲೆಗೆ ಹಾಕಿದ್ರೆ ಮುಗೀತಿತ್ತು. ಯಾವ ಕಳ್ಳನೂ ಮಾಡದೇ ಇರೋ ದಡ್ಡತನ.”

“ಒಲೆ ತನಕ ತಗೊಂಡು ಹೋದೆ ಕಣೋ. ಒಳ್ಳೇ ಬಟ್ಟೆ. ಹರಿದಿದ್ದು ಒಂದು ಗೇಣು. ಕೈ ಬರಲಿಲ್ಲ.” ಸೂಜಿಯನ್ನು ರವಿಕೆಯ ಅಂಚಿಗೆ ಚುಚ್ಚಿಕೊಂಡಳು. “ತೊಳೆದೆ. ಒಣಗಿಸಿದೆ. ಎರಡು ದಿನ ಕೂತು ಮುಚ್ಚಿದೆ. ಕೂತಾಗ ಏನೂ ಯೋಚನೆ ಬರಲಿಲ್ಲ, ಅದೊಂದು ನೆಮ್ಮದಿ.”

“ಆಮೇಲೆ ನನ್ನ ಮೈಮೇಲೆ ಹಾಕಿ ಊರು ದಾಟಿಸಿದೆ.”

“ಹೂಂ.”

“ಅಂದ್ರೆ ನಾನು ಹ್ಯಾಂಗರ್.”

ಅವಳು ಕೋಟಿನ ತೋಳನ್ನು ಮಡಿಕೆ ಬಿಡಿಸಿ ನೇರ ಮಾಡಿದಳು. ಐವತ್ತೊಂಬತ್ತು ವರ್ಷದ ಗಂಡಸು, ಎಂತೆಂಥ ಕೊಲೆಗಾರರ ಬಾಯಿ ಬಿಡಿಸಿದವನು, ಅಕ್ಕ ತನ್ನನ್ನು ಪ್ರೀತಿಯಿಂದ ಕಳಿಸಲಿಲ್ಲವಲ್ಲ ಎಂದು ಅಳುವ ಹಂತಕ್ಕೆ ಬಂದಿದ್ದೆ.

“ಭಾವನ್ನ ಕೊಂದಿದ್ದು ಯಾರು?”

“ನಾನೇ,” ಎಂದಳು ತಕ್ಷಣ. “ಬರ್ಕೋ. ಜಗಳ ಆಯ್ತು. ಕತ್ತರಿ ಕೈಗೆ ಸಿಕ್ತು. ಎದೆಗೆ ಹಾಕಿದೆ.”

ಅಷ್ಟು ಬೇಗ ಬಂದ ತಪ್ಪೊಪ್ಪಿಗೆಯನ್ನು ನಾನು ಯಾವತ್ತೂ ನಂಬಿದವನಲ್ಲ. ಕೋಟಿನ ಎದೆಭಾಗವನ್ನು ಎತ್ತಿ ಅವಳ ಮುಖದ ಮುಂದೆ ಹಿಡಿದೆ.

“ಎಲ್ಲಿ? ತೋರಿಸು. ಇಲ್ಲಿ ಒಂದೆಳೆ ರಫೂ ಇಲ್ಲ. ಅಲ್ಲಿ ಸಿಕ್ಕಿದವನಿಗೆ ಪೆಟ್ಟು ಬಿದ್ದಿರೋದು ತಲೆಗೆ, ಎದೆಗಲ್ಲ. ಅದನ್ನಾದ್ರೂ ಕೇಳಿ ತಿಳ್ಕೊಂಡು ಸುಳ್ಳು ಹೇಳಬಾರದಾ?”

ಅಕ್ಕ ಕೋಟನ್ನು ನನ್ನ ಕೈಯಿಂದ ಬಿಡಿಸಿಕೊಂಡಳು.

ನನ್ನ ಬಾಯಿಂದ ಬಂದ ಮಾತು ನನಗೇ ಆಗ ಅರ್ಥವಾಗತೊಡಗಿತ್ತು. ಕೋಟಿನವನು ಎದುರಿಗಿದ್ದವನ ಕತ್ತಿಗೆ ಕೈ ಅಡ್ಡ ಕೊಟ್ಟಿದ್ದಾನೆ. ಮೂಳೆಯವನಿಗೆ ಏಟು ಬಿದ್ದದ್ದು ಹಿಂದಿನಿಂದ. ತಲೆ ಒಡೆದಿದ್ದರೆ ಕಾಲರು, ಬೆನ್ನು ಎಲ್ಲ ರಕ್ತವಾಗುತ್ತಿತ್ತು. ಹಾಳಾದ ಉಣ್ಣೆಯನ್ನು ಅಕ್ಕ ಎಷ್ಟು ತೊಳೆದರೂ ಇಷ್ಟು ಚೆನ್ನಾಗಿ ಉಳಿಯುತ್ತಿರಲಿಲ್ಲ. ಒಂದು ಗೇಣು ಗೀರಿಗೆ ಯಾರೂ ಸಾಯುವುದಿಲ್ಲ. ಆ ಬೀಗದಕೈ ಹೆಣ ಮುಚ್ಚುವಾಗ ಈ ಕೋಟಿನ ಜೇಬಿನಿಂದ ಜಾರಿರಬೇಕು.

“ಅಕ್ಕ,” ಎಂದೆ. “ಅವು ಭಾವನ ಮೂಳೆ ಅಲ್ಲ.”

ಅವಳು ಒಂದು ಕನ್ನಡಕ ತೆಗೆದಳು. ಆಮೇಲೆ ಇನ್ನೊಂದು. ಎರಡನ್ನೂ ಸೆರಗಿನಿಂದ ಒರೆಸಿದಳು.

“ಮೆಲ್ಲಗೆ ಮಾತಾಡು. ಈಗ ತಾನೇ ನಿದ್ದೆ ಹೋಗಿದ್ದಾರೆ.”

“ಯಾರು?”

ಅವಳು ಮೇಲಿನ ಕೋಣೆಯತ್ತ ಗದ್ದ ಎತ್ತಿದಳು.

“ಬಂದು ಎರಡು ತಿಂಗಳಾಯ್ತು. ಸಾಯೋಕೆ ಮನೆಗೆ ಬಂದಿದ್ದಾರೆ. ಪಕ್ಕದೂರಿನ ಡಾಕ್ಟರು ಇನ್ನೊಂದು ತಿಂಗಳು ಅಂತಾರೆ. ಹೆಚ್ಚೂ ಆಗಬಹುದು, ಕಡಿಮೆನೂ ಆಗಬಹುದು.”

ನಾನು ಏಣಿಮೆಟ್ಟಿಲಿನತ್ತ ತಿರುಗಿ ನೋಡಿದೆ.

“ಸತ್ತೋನು ಆಪರೇಟರಲ್ಲ ಅಂತ ಆ ಹುಡುಗಿಗೆ ಗೊತ್ತಾದ್ರೆ, ಆಪರೇಟರು ಎಲ್ಲಿ ಅಂತ ಹುಡುಕ್ತಾಳೆ,” ಅಕ್ಕ ಬಟ್ಟೆಯ ಅಳತೆ ಹೇಳುವಷ್ಟು ಸಲೀಸಾಗಿ ಹೇಳುತ್ತ ಹೋದಳು. “ಮೊದಲು ಈ ಮನೆಗೇ ಬರ್ತಾಳೆ. ಮೂಳೆ ಅವರದ್ದೇ ಅಂತ ನೀನು ಸಹಿ ಹಾಕು. ಕೊಂದೋಳು ನಾನು ಅಂತ ನಾನು ಹೇಳ್ತೀನಿ. ಕೇಸು ಮುಗಿಯುತ್ತೆ. ಅವರು ಅವರ ಮಂಚದ ಮೇಲೆ ಹೋಗ್ತಾರೆ.”

“ನೀನು ಜೈಲಿಗೆ ಹೋದ್ರೆ ಅವರನ್ನ ನೋಡ್ಕೊಳ್ಳೋರು ಯಾರು?”

ಈಗ ಅವಳು ಮೊದಲ ಬಾರಿಗೆ ನನ್ನ ಮುಖ ನೋಡಿದಳು.

“ಮತ್ತೆ ನಿನ್ನ ಯಾಕೆ ಕರೆಸಿದೆ ಅಂದ್ಕೊಂಡೆ?”

ಬೈಗುಳ ಬಾಯಿಗೆ ಬಂತು, ನಗುವೂ ಬಂತು. ಎರಡಕ್ಕೂ ತ್ರಾಣವಿರಲಿಲ್ಲ. ಇಷ್ಟು ವರ್ಷ ಕರೆಯದವಳು, ಒಬ್ಬ ಪೊಲೀಸ್ ಇನ್ಸ್‌ಪೆಕ್ಟರನನ್ನು ಕರೆಸಿ, ಸುಳ್ಳು ಸಹಿ ಹಾಕಿ ಆರೋಪಿಗೆ ಗಂಜಿ ಕುಡಿಸುತ್ತ ಕೂರು ಎನ್ನುತ್ತಿದ್ದಾಳೆ. ಅದೂ ಇಲ್ಲ ಎನ್ನಲು ನನಗೆ ಹಕ್ಕೇ ಇಲ್ಲವೇನೋ ಎಂಬಂತೆ.

“ಸತ್ತೋನು ಯಾರಕ್ಕ?”

“ಅವರನ್ನೇ ಕೇಳು. ಜೋಪಾನ, ಮೂರನೇ ಮೆಟ್ಟಿಲು ಅಲ್ಲಾಡುತ್ತೆ.”

ಮೇಲಿನ ಕೋಣೆಯಲ್ಲಿ ಔಷಧಿಯ ವಾಸನೆ. ಮಂಚದ ಮೇಲಿದ್ದ ಮನುಷ್ಯನನ್ನು ದಾರಿಯಲ್ಲಿ ಕಂಡಿದ್ದರೆ ನಾನು ಗುರುತು ಹಿಡಿಯುತ್ತಿರಲಿಲ್ಲ. ಹೊದಿಕೆಯ ಹೊರಗಿದ್ದ ಎಡಗೈಯನ್ನು ನೋಡಿ ಹಿಡಿದೆ. ಮುಂಗೈಯಿಂದ ಮೊಣಕೈ ಕಡೆಗೆ, ಓರೆಯಾಗಿ, ಹಳೆಯ ಗಾಯದ ಬಿಳಿಗೆರೆ.

ಅವರು ಕಣ್ಣು ಬಿಟ್ಟಿದ್ದರು. ನಿದ್ದೆ ಬಂದಿರಲಿಲ್ಲವೋ, ನಮ್ಮ ಮಾತು ಕೇಳಿ ಹೋಗಿತ್ತೋ.

“ದಪ್ಪ ಆಗಿದೀಯ,” ಎಂದರು ಭಾವ.

ಹೆಂಡತಿಯನ್ನು ಬಿಟ್ಟು ಓಡಿಹೋದವನೆಂದು ನಾನು ಮೂವತ್ತೆರಡು ವರ್ಷ ಮನಸ್ಸಿನಲ್ಲೇ ಉಗಿದ ಮನುಷ್ಯ. ಕಾಲಬುಡದಲ್ಲಿ ಕೂತೆ. ಕೇಳಬೇಕಾದ ಪ್ರಶ್ನೆ ಒಂದೇ ಇತ್ತು, ಕೆಳಗೆ ಗಂಟೆ ನಾಲ್ಕಾಗುತ್ತ ಬಂದಿತ್ತು.

“ಯಾರವನು?”

“ಹೆಸರು ಗೊತ್ತಿಲ್ಲ. ಅವತ್ತಿಗಿಂತ ಮುಂಚೆ ನೋಡಿದವನಲ್ಲ.” ಒಂದೊಂದು ಮಾತಿಗೂ ಉಸಿರು ಎಳೆದುಕೊಳ್ಳುತ್ತಿದ್ದರು. “ಮ್ಯಾಟಿನಿ ಬಿಟ್ಟಿತ್ತು. ಸಂಜೆ ಆಟಕ್ಕೆ ಇನ್ನೂ ಅರ್ಧ ಗಂಟೆ. ನಿಮ್ಮಕ್ಕ ಪರದೆ ಹರಿದಿದೆ ಅಂತ ಹೊಲಿಯೋಕೆ ಬಂದಿದ್ಲು. ಅವನು ಹಿಂಬಾಗಿಲಿಂದ ಬಂದ. ಕೈಯಲ್ಲಿ ಒಂದು ಫೋಟೋ. ಇವನು ಎಲ್ಲಿ ಅಂತ ಕೇಳಿದ.”

“ಯಾರ ಫೋಟೋ?”

“ನಿಂದು.”

ಈ ಊರಿಗೆ ಮತ್ತೆ ಬರಬೇಡ ಎಂದು ಅಕ್ಕ ಅಂದದ್ದು ಸಿಟ್ಟಿನಿಂದಲ್ಲ ಎಂದು ನನಗೆ ಆಗ ಹೊಳೆಯಿತು. ಕೆಳಗೆ ಬೀದಿಯಲ್ಲಿ ಜೀಪು ನಿಂತ ಸದ್ದು. ಬಾಗಿಲು ಧಡ್ ಎಂದಿತು.

“ಗೊತ್ತಿಲ್ಲ ಅಂದೆ. ಕತ್ತಿ ತೆಗೆದ,” ಎಂದರು ಭಾವ. “ಕೈ ಅಡ್ಡ ಕೊಟ್ಟೆ. ಎರಡನೇ ಸಲ ಎತ್ತಿದ. ಆಗ ಕೆಳಗೆ ಬಿದ್ದ.”

“ನೀವು ಹೊಡೆದ್ರಾ?”

“ನಾನು ಅವನ ಎದುರಿಗಿದ್ದೆ ಕಣೋ. ಏಟು ಬಿದ್ದಿದ್ದು ಎಲ್ಲಿಗೆ ಅಂತ ನಿಂಗೇ ಗೊತ್ತಲ್ಲ.”

ಕೆಳಗಿನಿಂದ ಎಸ್‌ಐಯ ಬೂಟಿನ ಸದ್ದು, ಕುರ್ಚಿ ಎಳೆದ ಸದ್ದು. ಆಮೇಲೆ ಅಕ್ಕನ ಧ್ವನಿ ಕೇಳಿಸಿತು, ನಮಗೆ ಮೇಲೆ ಕೇಳಲೆಂದೇ ಎತ್ತರಿಸಿದಂತಿತ್ತು.

“ಕೂತ್ಕೋಮ್ಮ, ಬರ್ಕೋ. ನನ್ನ ಗಂಡನ್ನ ನಾನೇ ಕೊಂದೆ.”

ಭಾವ ನನ್ನ ಮಣಿಕಟ್ಟನ್ನು ಹಿಡಿದರು. ಆ ಬೆರಳುಗಳಲ್ಲಿ ಅಷ್ಟು ಬಲ ಉಳಿದಿದ್ದೀತೆಂದು ನಾನು ಎಣಿಸಿರಲಿಲ್ಲ.

“ಅದರಲ್ಲಿ ಅರ್ಧ ನಿಜ,” ಎಂದರು.